ಎವರಿಸ್ತೋ ಅಜ್ಜನ ಮುಖಗಳು

ಕಳೆದ ಫಾಶಿಂಗ್ ವೇಷದ ಹಬ್ಬದ ದಿನ ಫ್ರಾಂಕ್‌ಫರ್ಟಿನ ಎಸ್-ಬಾನ್ ರೈಲಿನಲ್ಲಿ ವೇಷ ಹಾಕಿದವನೊಬ್ಬ ನನ್ನ ಪಕ್ಕ ಬಂದು ಕುಳಿತ. ಅಂಟಿಸಿದ ಮೀಸೆ ಬೆವರಿಗೆ ಒಂದು ಬದಿ ಬಿಟ್ಟುಕೊಂಡಿತ್ತು. ಆ ಗೋಂದಿನ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಇಳಿಯಬೇಕಾದ ನಿಲ್ದಾಣ ದಾಟಿಹೋಯಿತು. ಸಿಂಡೆಲ್‌ಫಿಂಗೆನ್ನಿನಲ್ಲಿ ನಾನು ಚಿಕ್ಕವಳಿದ್ದಾಗ ನಾವಿದ್ದ ಬಾಡಿಗೆ ಮನೆಯ ಕೆಳಗಿನ ಮಹಡಿಗೆ ಇದೇ ವಾಸನೆಯಿತ್ತು. ಜೊತೆಗೆ ದಾಲ್ಚಿನ್ನಿ ಹಾಕಿ ಕುದಿಸಿದ ಕಾಫಿಯ ಘಮ, ಅಲ್ಲಿ ವಾಸವಿದ್ದ ಹೆಲ್ಗಾ ಅಜ್ಜಿ ಇಸ್ತ್ರಿ ಮಾಡುತ್ತಿದ್ದ ಬಟ್ಟೆಗಳ ಬಿಸಿ. ಅಪ್ಪ ಕಾರು ಕಾರ್ಖಾನೆಗೂ ಅಮ್ಮ ಆಸ್ಪತ್ರೆಯ ಪಾಳಿಗೂ ಹೋಗಿರುತ್ತಿದ್ದರಿಂದ ನಾನು ಶಾಲೆ ಬಿಟ್ಟವಳೇ ಅಲ್ಲಿಗೆ ಹೋಗುತ್ತಿದ್ದೆ. "ಹೆಸ್ರು ಹಿಡ್ದು ಕರೀಬಾರ್ದು, ಅಜ್ಜ ಅನ್ಬೇಕು," ಎಂದು ಉಡುಪಿಯ ನನ್ನಮ್ಮ ಹೇಳಿಕೊಟ್ಟದ್ದರಿಂದ ಹೆಲ್ಗಾ ಅಜ್ಜಿಯ ಗಂಡ, ಮೆಕ್ಸಿಕೋದ ಆ ಮುದುಕ, ನನಗೆ ಎವರಿಸ್ತೋ ಅಜ್ಜನಾದ.

ಅಜ್ಜ ಪ್ರಾಯದಲ್ಲಿ ಮೆಕ್ಸಿಕೋದ ಕಪ್ಪು-ಬಿಳುಪು ಸಿನಿಮಾಗಳ ನಟ. ಡೇರೆ ನಾಟಕಗಳಿಂದ ಸ್ಟುಡಿಯೋಗೆ ಬಂದವನು ಬೆಳಿಗ್ಗೆ ಪಾದ್ರಿಯಾಗಿ, ಮಧ್ಯಾಹ್ನ ದರೋಡೆಕೋರನಾಗಿ, ಸಂಜೆ ಕುರುಡ ಪಿಟೀಲುಗಾರನಾಗಿ ದುಡಿದ. ನಾಯಕ ಮಾತ್ರ ಎಂದೂ ಆಗಲಿಲ್ಲ. ಯಾವ ಪಾತ್ರಕ್ಕೂ ಒದಗುತ್ತಾನೆಂದು ನಿರ್ದೇಶಕರು ಕರೆಯುತ್ತಿದ್ದರು. ಒಂದರಲ್ಲಿ ಕಂಡವನೇ ಇನ್ನೊಂದರಲ್ಲಿರುವುದು ಎಂದು ಪ್ರೇಕ್ಷಕರಿಗೆ ಹೊಳೆಯುತ್ತಲೇ ಇರಲಿಲ್ಲ. ಕರೆ ನಿಂತ ಮೇಲೆ ಜರ್ಮನಿಗೆ, ಹೆಂಡತಿಯ ಊರಿಗೆ ಬಂದು, ಕಾರ್ಖಾನೆಯ ಕ್ಯಾಂಟೀನಿನಲ್ಲಿ ತಟ್ಟೆ ತೊಳೆದು ನಿವೃತ್ತನಾದ. ನನಗಾಗಿ ಮಾತ್ರ ಆಗಾಗ ಪೆಟ್ಟಿಗೆಯಿಂದ ಮೀಸೆ ತೆಗೆದು ಅಂಟಿಸಿಕೊಂಡು, ಗೋಡೆಯತ್ತ ಮುಖ ಮಾಡಿ, ತಿರುಗಿದಾಗ ಬೇರೆ ಯಾರೋ ಆಗಿರುತ್ತಿದ್ದ. ನಾನು ನಗುತ್ತಿದ್ದೆ, ಕೆಲವೊಮ್ಮೆ ಹೆದರಿ ಅಳುತ್ತಿದ್ದೆ. ಅವನಿಗೆ ಇಷ್ಟವಾಗಿದ್ದ ಪಾತ್ರ ಒಂದೇ: ರೈಲು ನಿಲ್ದಾಣದ ಬೆಂಚಿನಲ್ಲಿ ಕುಳಿತು, ಬಾರದ ಮಗನಿಗಾಗಿ ಕಾಯುವ ಅಪ್ಪ. "ಅದರಲ್ಲಿ ನಾನು ಏನೂ ಮಾಡಲಿಲ್ಲ. ಸುಮ್ಮನೆ ಕಾದೆ, ಅಷ್ಟೇ," ಎನ್ನುತ್ತಿದ್ದ ತನ್ನ ಒರಟು ಜರ್ಮನ್‌ನಲ್ಲಿ.

ಮೆಕ್ಸಿಕೋಗೆ ಕೆಲಸದ ಮೇಲೆ ಹೋಗಿದ್ದ ಸಹೋದ್ಯೋಗಿಯೊಬ್ಬರಿಗೆ ಹೇಳಿ ಅಪ್ಪ ಆ ಸಿನಿಮಾದ ವಿಡಿಯೋ ಟೇಪು ತರಿಸಿದರು. ಭಾನುವಾರ ಮಧ್ಯಾಹ್ನ ಅಮ್ಮ ಗೋಳಿಬಜೆ ಕರಿದರು. ಅಜ್ಜ ಟೈ ಕಟ್ಟಿಕೊಂಡು ಮೇಲೆ ಬಂದ. ಹೆಲ್ಗಾ ಅಜ್ಜಿ ಕೂಡ ಆ ಚಿತ್ರ ನೋಡಿರಲಿಲ್ಲ. ಸಿನಿಮಾ ಸಾಗಿತು; ನಿಲ್ದಾಣ ಬಂತು, ಹೊಗೆ ಬಂತು, ನಾಯಕ ಪೆಟ್ಟಿಗೆ ಹಿಡಿದು ಓಡಿದ. ಅವನ ಹಿಂದೆ ಬೆಂಚಿನ ಮೇಲೆ ಒಂದು ಟೋಪಿ, ಒಂದು ಹೆಗಲು. ರೈಲು ಹೊರಟಿತು. "ಈಗ ಬರುತ್ತೆ," ಎಂದ ಅಜ್ಜ. ಚಿತ್ರ ಮುಗಿಯುವವರೆಗೂ ಮುಂದಕ್ಕೆ ಬಾಗಿಯೇ ಕುಳಿತಿದ್ದ. "ಎಂತ ಇದು, ಅವ್ರು ಬರ್ಲೇ ಇಲ್ಲ ಅಲ್ವಾ?" ಎಂದು ಅಮ್ಮ ಅಪ್ಪನ ಕಿವಿಯಲ್ಲಿ ಕೇಳಿದರು. ನೀನೆಲ್ಲಿದ್ದೆ ಎಂದು ನಾನು ಅಜ್ಜನನ್ನೇ ಜರ್ಮನ್‌ನಲ್ಲಿ ಕೇಳಿಯೇಬಿಟ್ಟೆ. ಅಜ್ಜ ಖಾಲಿ ಪರದೆಯನ್ನೇ ನೋಡುತ್ತ, "ಆ ಟೋಪಿ ನನ್ನದು," ಎಂದ. ಹೆಲ್ಗಾ ಅಜ್ಜಿ ಅವನ ಕೈ ಹಿಡಿದು ಮೆಟ್ಟಿಲು ಇಳಿಸಿಕೊಂಡು ಹೋದರು.

ಆಮೇಲೆ ಅವನು ಗೋಡೆಯತ್ತ ತಿರುಗಲಿಲ್ಲ. ಒಮ್ಮೆ ದರೋಡೆಕೋರನನ್ನು ಕರೆ ಎಂದು ಹಟ ಹಿಡಿದೆ. "ಎಲ್ಲರೂ ಹೋದರು, ಮಗೂ," ಎಂದು ನನ್ನ ತಲೆ ಸವರಿದ. ಮುಂದಿನ ಚಳಿಗಾಲದಲ್ಲಿ ತಾನೂ ಹೋದ. ಅಂತ್ಯಕ್ರಿಯೆಯಲ್ಲಿ ಪಾದ್ರಿ ಅವನನ್ನು ಕ್ಯಾಂಟೀನಿನ ನಿಷ್ಠಾವಂತ ನೌಕರ ಎಂದು ಸ್ಮರಿಸಿದರು. ಹೆಲ್ಗಾ ಅಜ್ಜಿ ವೃದ್ಧಾಶ್ರಮ ಸೇರಿ ಅಲ್ಲಿಯೇ ತೀರಿಕೊಂಡರು. ಆ ಮನೆಯ ಸಾಮಾನೆಲ್ಲ ಕಸದ ಕಂಟೇನರ್ ಸೇರಿತು. ಮೀಸೆಗಳ ಪೆಟ್ಟಿಗೆಯೂ ಅದರಲ್ಲೇ ಹೋಗಿರಬೇಕು.

ಈಗ ಆ ಕಾಲದ ಚಿತ್ರಗಳು ಇಂಟರ್‌ನೆಟ್ಟಿನಲ್ಲಿ ಎಷ್ಟೋ ಸಿಗುತ್ತವೆ. ರಜೆಯ ದಿನ ಒಂದೊಂದನ್ನೇ ಹಾಕಿಕೊಂಡು ಕೂರುತ್ತೇನೆ. ಮೂಲೆಯಲ್ಲಿ ಒಬ್ಬ ಪಾದ್ರಿ ಹಾದುಹೋಗುತ್ತಾನೆ, ಒಬ್ಬ ಕುಡುಕ ಕುರ್ಚಿಯಿಂದ ಬೀಳುತ್ತಾನೆ. ಚಿತ್ರವನ್ನು ಅಲ್ಲಿಗೇ ನಿಲ್ಲಿಸಿ, ಆ ಮುಖದ ಹತ್ತಿರ ಹೋಗಿ ನೋಡುತ್ತೇನೆ. ಅವನೇ ಇರಬಹುದು, ಅಲ್ಲದೆಯೂ ಇರಬಹುದು. ಅವನ ಮೊಣಕಾಲಿಗೆ ಒರಗಿ ಬೆಳೆದ ನನಗೂ ಅವನ ಗುರುತು ಹತ್ತುತ್ತಿಲ್ಲ. ಕೇಳೋಣವೆಂದರೆ ಬಲ್ಲವರು ಯಾರೂ ಉಳಿದಿಲ್ಲ.