ಐವತ್ತಮೂರನೆಯ ಪುಸ್ತಕ

ನಮ್ಮಕ್ಕನನ್ನು ಯಾರಾದರೂ ‘ಪಾಪ, ಸಾಧು ಹೆಂಗಸು’ ಎಂದರೆ ನನಗೆ ಮೈಯೆಲ್ಲ ಉರಿಯುತ್ತದೆ. ಅಕ್ಕ ಪಾಪದವಳೂ ಅಲ್ಲ, ಸಾಧುವೂ ಅಲ್ಲ. ಊರಿನ ಹಳೇ ಗ್ರಂಥಾಲಯವನ್ನು ಮೂವತ್ತೊಂದು ವರ್ಷ ಜುಟ್ಟು ಹಿಡಿದು ನಡೆಸಿದವಳು. ಅದೇ ಕಟ್ಟಡದ ನೆಲಮಾಳಿಗೆಯಲ್ಲಿ ನಾನು ಬೈಂಡರ್. ಮೇಲೆ ಅವಳು ಓದಿಸುತ್ತಿದ್ದಳು, ಕೆಳಗೆ ನಾನು ಹೊಲಿಯುತ್ತಿದ್ದೆ.

ಆ ಗ್ರಂಥಾಲಯದ ಪುಸ್ತಕಗಳಿಗೆ ಒಂದು ಚಾಳಿ. ವರ್ಷಕ್ಕೊಮ್ಮೆಯಾದರೂ ಯಾರಾದರೂ ಕೂತು ಒಂದು ಗಂಟೆ ಗಟ್ಟಿಯಾಗಿ ಓದದಿದ್ದರೆ ಅವುಗಳ ಅಕ್ಷರ ಹೊರಟುಹೋಗುತ್ತಿತ್ತು. ಕಾಗದ ಹಾಗೇ ಇರುತ್ತಿತ್ತು, ಹೊಲಿಗೆ ಹಾಗೇ ಇರುತ್ತಿತ್ತು, ಅಕ್ಷರ ಮಾತ್ರ ಮಾಯ. ಅಕ್ಕನಿಗಿಂತ ಮುಂಚೆ ಇದ್ದ ಪಂಡಿತರೆಲ್ಲ ಶಾಯಿಯನ್ನು ಬೈದರು, ಗೋಡೆಯ ತೇವವನ್ನು ಬೈದರು, ಕೊನೆಗೆ ನನ್ನ ಅಂಟನ್ನೂ ಬೈದರು. ಅಕ್ಕ ಬಂದವಳೇ ಎರಡು ವರ್ಷ ಗಡಿಯಾರ ಮುಂದಿಟ್ಟುಕೊಂಡು ಓದಿ ಓದಿ, ಗಂಟಲು ಕಟ್ಟಿಸಿಕೊಂಡು, ಆ ಗುಟ್ಟನ್ನು ಹಿಡಿದಳು.

ಹಿಡಿದವಳು ಒಂದು ಕಟ್ಟಳೆ ಮಾಡಿದಳು. ನಿಮಗೆ ಬೇಕಾದ ಪುಸ್ತಕವನ್ನು ಮನೆಗೆ ಒಯ್ಯಬೇಕಾದರೆ ಮೊದಲು ಯಾರಿಗೂ ಬೇಡವಾದ ಒಂದನ್ನು ಒಂದು ಗಂಟೆ ಗಟ್ಟಿಯಾಗಿ ಓದಬೇಕು. ಬಸ್ ಡ್ರೈವರ್ ಗ್ರಹಣಗಳ ಪಟ್ಟಿ ಓದುತ್ತಿದ್ದ. ವಕೀಲರೊಬ್ಬರು ದನಗಳ ಗೊರಸಿನ ರೋಗಗಳನ್ನು ಕೋರ್ಟಿನ ಗತ್ತಿನಲ್ಲೇ ಓದುತ್ತಿದ್ದರು. ಯಾರಾದರೂ ಗೊಣಗಿದರೆ ಅಕ್ಕ ಬಿಡುತ್ತಿರಲಿಲ್ಲ. “ನಿಮಗೆ ಪುಸ್ತಕ ಬೇಕು, ಪುಸ್ತಕಕ್ಕೆ ನೀವು ಬೇಡ್ವಾ? ಕೂತ್ಕೊಂಡು ಓದ್ರೀ!”

ಹೀಗೆ ತಾನು ಕಂಡದ್ದನ್ನೆಲ್ಲ ಅಕ್ಕ ದಿನಾ ಸಂಜೆ ಬರೆದಿಟ್ಟಳು. ಇಪ್ಪತ್ತೆಂಟು ವರ್ಷಕ್ಕೆ ಅದೊಂದು ಪುಸ್ತಕವಾಯಿತು. ಇದ್ದದ್ದು ಒಂದೇ ಪ್ರತಿ. ಕಟ್ಟಿದವನು ನಾನೇ, ನನ್ನ ಕೈಯಿಂದ ಅಷ್ಟು ಚೆಂದದ ಬೈಂಡು ಇನ್ನೊಂದು ಬಂದಿಲ್ಲ.

ಆಮೇಲೆ ಗ್ರಂಥಾಲಯದ ಸಮಿತಿಗೆ ಹೊಸ ಅಧ್ಯಕ್ಷರು ವಕ್ಕರಿಸಿದರು. ಬಾಗಿಲಲ್ಲೇ ಕಿವಿ ಮುಚ್ಚಿಕೊಂಡು, “ಇದೇನು ಗ್ರಂಥಾಲಯಾನೋ, ಮೀನು ಮಾರ್ಕೆಟ್ಟೋ?” ಎಂದರು. ವಾರದೊಳಗೆ ಕಂಬಕಂಬಕ್ಕೂ ‘ಮೌನ’ ಎಂಬ ಬೋರ್ಡು. ಸಾಮಾನ್ಯ ಪುಸ್ತಕಗಳನ್ನು ಜನ ಮನೆಗೆ ಒಯ್ದು ಗಟ್ಟಿಯಾಗಿ ಓದಿ ಹೇಗೋ ಉಳಿಸಿಕೊಂಡರು. ಆದರೆ ಐವತ್ತೆರಡು ಅಪರೂಪದ ಪುಸ್ತಕಗಳಿಗೆ ಗಾಜಿನ ಕಪಾಟು ಮಾಡಿಸಿ, ಬೀಗ ಜಡಿದು, ಯಾರೂ ಮುಟ್ಟಬಾರದೆಂದು ಅಪ್ಪಣೆ ಮಾಡಿದರು. ಸಭೆಯಲ್ಲಿ ಅಕ್ಕ ಒಂದು ಗಂಟೆ ಹೇಳಿದಳು. ಕೋಣನ ಮುಂದೆ ಕಿನ್ನರಿ ಬಾರಿಸಿದ ಹಾಗಾಯಿತು.

“ಬೀಗ ಹಾಕಿಟ್ಟಿದ್ದು ಅದು ಹೇಗಮ್ಮ ಕಳೆದುಹೋಗುತ್ತೆ?” ಎಂದು ಅಧ್ಯಕ್ಷರು ನಕ್ಕರು. ಸುತ್ತ ಕೂತವರೂ ನಕ್ಕರು. ಆ ನಗು ನೆನೆದರೆ ಇವತ್ತಿಗೂ ನನ್ನ ಕೈ ಮುಷ್ಟಿ ಕಟ್ಟುತ್ತದೆ.

ಅಕ್ಕ ನಿವೃತ್ತಳಾದ ದಿನ ಅವಳಿಗೆ ಗೌರವ ಮಾಡಿದರಂತೆ, ಗೌರವ! ಅವಳ ಪುಸ್ತಕವನ್ನೂ ತೆಗೆದುಕೊಂಡು ಹೋಗಿ ಅದೇ ಕಪಾಟಿನಲ್ಲಿಟ್ಟು ಬೀಗ ಹಾಕಿ ಚಪ್ಪಾಳೆ ತಟ್ಟಿದರು. ಅಕ್ಕ ಜಗಳವಾಡಿ ಒಂದೇ ಒಂದು ಅನುಮತಿ ಗಿಟ್ಟಿಸಿಕೊಂಡಳು. ಪ್ರತಿ ಶನಿವಾರ ಒಂದು ಗಂಟೆ, ಬಾಗಿಲು ಹಾಕಿಕೊಂಡು, ಕಪಾಟಿನ ಒಂದು ಪುಸ್ತಕ ಓದಬಹುದು. ಮಿಕ್ಕ ದಿನ ಅವಳನ್ನು ಗೇಟಿನೊಳಗೇ ಬಿಡಬಾರದು. ಸೋಮವಾರ ರಜೆ, ಅಂದು ಒಬ್ಬನೇ ಕಪಾಟು ತೆಗೆದು ಧೂಳು ಒರೆಸುವ ಕೆಲಸ ನನ್ನದು.

ವರ್ಷಕ್ಕೆ ಐವತ್ತೆರಡು ಶನಿವಾರ. ಕಪಾಟಿನಲ್ಲಿ ಐವತ್ತಮೂರು ಪುಸ್ತಕ. ಇದು ನನಗೂ ಹೊಳೆದಿತ್ತು, ಅದಕ್ಕೇ ಆಗಾಗ ಕೇಳುತ್ತಿದ್ದೆ.

“ಅಕ್ಕ, ನಿನ್ನದು ಓದಿದ್ಯಾ?”

“ಓದಿದೀನಿ ಬಿಡೋ. ಪೊಲೀಸನ ಹಾಗೆ ಕೇಳ್ಬೇಡ.”

ಒಮ್ಮೆ ಮಾತ್ರ ಬೇರೆ ಥರ ಹೇಳಿದಳು. “ಮಿಕ್ಕ ಪುಸ್ತಕ ಬರೆದೋರು ಸತ್ತುಹೋಗಿದಾರೆ ಕಣೋ. ನಾನು ಬದುಕಿದೀನಲ್ಲ, ಬೇಕಾದ್ರೆ ಮತ್ತೆ ಬರೆದ್ರಾಯ್ತು.” ತಮಾಷೆಗೆ ಅಂದಳೆಂದುಕೊಂಡು ನಾನು ಊಟಕ್ಕೆ ಕೂತೆ.

ಎರಡು ವರ್ಷ ಹೀಗೆ ನಡೆಯಿತು. ಕಳೆದ ತಿಂಗಳು ನಾಲ್ಕು ದಿನದ ಜ್ವರದಲ್ಲಿ ಅಕ್ಕ ಹೋದಳು. ಮುಂದಿನ ಸೋಮವಾರ, ಇನ್ನು ಇದನ್ನೆಲ್ಲ ಓದುವವನು ನಾನೇ, ಮೊದಲು ಅವಳದನ್ನೇ ಓದೋಣ ಎಂದು ಕಪಾಟು ತೆಗೆದೆ. ಅವಳ ಪುಸ್ತಕ ಬಿಡಿಸಿದೆ. ಬಿಳಿ. ಮೊದಲ ಪುಟದಿಂದ ಕೊನೆಯ ಪುಟದವರೆಗೂ ಬಿಳಿ. ಉಳಿದವನ್ನೂ ಒಂದೊಂದಾಗಿ ತೆಗೆದು ನೋಡಿದೆ. ಐವತ್ತೆರಡರಲ್ಲಿ ಒಂದಕ್ಷರವೂ ಮಾಸಿರಲಿಲ್ಲ.

ಸುಳ್ಳಿ! ಸತ್ತವಳನ್ನು ಬೈಯಬಾರದು ಅನ್ನುತ್ತಾರೆ, ನಾನು ಬಾಯಿಗೆ ಬಂದಂತೆ ಬೈದೆ. ಆ ಖಾಲಿ ಹಾಲಿನಲ್ಲಿ, ‘ಮೌನ’ದ ಬೋರ್ಡುಗಳ ಕೆಳಗೆ ನಿಂತು, ಗಂಟಲು ಹರಿಯುವಂತೆ ಕಿರುಚಿದೆ. ಅದೇ ಕೋಪದಲ್ಲಿ ಅಧ್ಯಕ್ಷರ ಮನೆಗೆ ನಡೆದು ಪುಸ್ತಕವನ್ನು ಅವರ ಮೇಜಿನ ಮೇಲೆ ಕುಕ್ಕಿದೆ.

“ನೋಡ್ರೀ, ನಿಮ್ಮ ಬೀಗ ಕಾಪಾಡಿದ್ದನ್ನ!”

ಅಧ್ಯಕ್ಷರು ಪುಟ ತಿರುವಿದರು. ಮತ್ತೆ ತಿರುವಿದರು. ಮುಖ ಬಿಳಿಚಿಕೊಂಡಿತು. ವಾದಕ್ಕೆ ನಿಲ್ಲುತ್ತಾರೆ ಎಂದು ನಾನು ಹಲ್ಲು ಕಚ್ಚಿ ನಿಂತಿದ್ದರೆ ಆ ಮನುಷ್ಯ ಮೆಲ್ಲಗೆ, “ತಪ್ಪಾಯ್ತು” ಎಂದರು. ಒಂದು ಹಾಳೆ ಎಳೆದುಕೊಂಡು ಪೆನ್ನು ತೆಗೆದರು. “ನೀವು ಒಡಹುಟ್ಟಿದ ತಮ್ಮ. ನೀವೇ ಕಟ್ಟಿದ್ದು ಬೇರೆ. ನೆನಪಿದ್ದಷ್ಟು ಹೇಳಿ, ಬರ್ಕೊಳ್ತೀನಿ. ಏನಿತ್ತು ಇದರಲ್ಲಿ?”

“ನಾನೂರ ಹನ್ನೆರಡು ಪುಟ,” ಎಂದೆ. “ಎರಡೆಳೆ ದಾರದ ಹೊಲಿಗೆ. ಚರ್ಮದ ಬೆನ್ನು.”

“ಅದಲ್ಲ. ಒಳಗೆ ಏನು ಬರೆದಿದ್ರು?”

ಹೊಲಿಯುವಾಗ ಅದು ಒಂದು ತಿಂಗಳು ನನ್ನ ಕಣ್ಣ ಮುಂದೆ ಬಿಚ್ಚಿಕೊಂಡೇ ಬಿದ್ದಿತ್ತು. ಆಮೇಲೆ ನೂರು ಸೋಮವಾರ ಅದರ ಬೆನ್ನು ಒರೆಸಿದ್ದೆ. ಒಂದು ಪುಟವನ್ನೂ ಓದಿರಲಿಲ್ಲ.