ಮೀನಿನ ಮರಿಗಳ ಮೊದಲ ತುತ್ತು

ಇವತ್ತು ಬೆಳಿಗ್ಗೆ ಹೊಸ ಮರಿಗಳಿಗೆಂದು ಡಬ್ಬಿಯ ಮುಚ್ಚಳ ತೆಗೆದಾಗ ಹುಳಿ ಬಂದ ಗಂಜಿಯ ವಾಸನೆ ಮೂಗಿಗೆ ಬಡಿಯಿತು. ನಿಮಗೆ ಹಿಡಿಸುವ ವಾಸನೆಯಲ್ಲ. ನನಗೆ ಮಾತ್ರ ಹನುಮಂತನಗರದ ಇದೇ ಅಡುಗೆಮನೆಯಲ್ಲಿ ಹೊಸ ಸೊಸೆಯಾಗಿ ನಿಂತಿದ್ದ ದಿನಗಳು ನೆನಪಾಗುತ್ತವೆ. ಹಾಗೆನ್ನುವುದಕ್ಕೂ ಸ್ವಲ್ಪ ಹಿಂಜರಿಕೆ. ಎಷ್ಟೋ ಸಲ ಹೇಳಿದ ಕತೆಯಲ್ಲಿ ನಡೆದದ್ದೆಷ್ಟು, ನಾನು ಸೇರಿಸಿದ್ದೆಷ್ಟು?

ತವರಿನಿಂದ ನಾನು ತಂದ ಸಾಮಾನಿನಲ್ಲಿ ಎರಡು ಗಾಜಿನ ತೊಟ್ಟಿಗಳೂ ಒಂದು ಜೋಡಿ ಫೈಟರ್ ಮೀನೂ ಇದ್ದವು. ಬೆಳ್ಳಿ ಸಾಮಾನು ನೋಡಲು ಬಂದ ನೆಂಟರು ಮೀನು ನೋಡಿಕೊಂಡು ಹೋದರು. ಆ ಮೀನು ಮೊಟ್ಟೆಯಿಟ್ಟಿತು, ಮರಿಗಳಾದವು. ರೆಪ್ಪೆಗೂದಲಿನ ತುಂಡಿನಷ್ಟಿದ್ದವು. ಹೊಟ್ಟೆಗೆ ಅಂಟಿಕೊಂಡೇ ಬಂದ ಬುತ್ತಿ ಮುಗಿಯುವವರೆಗೆ ಅವಕ್ಕೆ ಏನೂ ಬೇಡ. ಆಮೇಲೆ ಮಿಸುಕಾಡುವ ಆಹಾರವೇ ಆಗಬೇಕು. ಅದಕ್ಕೇ ಜಯನಗರದ ಮೀನಿನ ಅಂಗಡಿಯಿಂದ ಒಂದು ಚಮಚ ಮೈಕ್ರೋವರ್ಮ್ ತಂದು ರಾಗಿ ಗಂಜಿಯಲ್ಲಿ ಬೆಳೆಸಿದ್ದೆ. ಕಂಡೂ ಕಾಣದಂಥ ಬಿಳಿ ಹುಳಗಳು, ಡಬ್ಬಿಯ ಒಳಮೈಗೆ ಹತ್ತಿಕೊಂಡು ಮಿನುಗುತ್ತಿರುತ್ತವೆ.

ಅತ್ತೆಯವರಿಗೆ ಹೇಳಿರಲಿಲ್ಲ. ಇರುವೆ ಸಾಯುತ್ತದೆಂದು ಬಸಿದ ಗಂಜಿ ಆರುವವರೆಗೆ ಮೋರಿಗೆ ಚೆಲ್ಲದವರು ಅವರು. ಎಂ.ಎಸ್ಸಿ. ಓದಿದ್ದು ಇದಕ್ಕಾದರೂ ಬರಲಿ ಎಂದು ಆಹಾರ ಸರಪಳಿಯ ಬಗ್ಗೆ ಒಂದು ಭಾಷಣ ಸಿದ್ಧ ಮಾಡಿಕೊಂಡಿದ್ದೆ, ಧೈರ್ಯ ಬರಲಿಲ್ಲ. ಡಬ್ಬಿಯನ್ನು ಅಕ್ಕಿಹಿಟ್ಟಿನ ಹಿಂದೆ ಅಡಗಿಸಿಟ್ಟೆ.

ನೀರಿನ ಮೇಲಿನ ನೊರೆಗೂಡಿಗೆ ನೇತಾಡುತ್ತಿದ್ದ ಮರಿಗಳು ಈಜತೊಡಗಿದ ಬೆಳಿಗ್ಗೆ ಹೋಗಿ ನೋಡಿದರೆ ಡಬ್ಬಿ ತೊಳೆದು ಬೋರಲು ಹಾಕಿತ್ತು.

“ಗಂಜಿ ಮಾಡಿಟ್ಟು ಮರೆತುಬಿಟ್ಟಿದ್ದೆ ನೀನು, ಹುಳ ಬಿದ್ದಿತ್ತು,” ಎಂದರು ಅತ್ತೆ. “ನಿನ್ನ ಗಂಡಂಗೆ ಹೇಳಲ್ಲ ಬಿಡು.”

“ಅದು ಮರಿಗಳ ಊಟ ಅತ್ತೆ. ಇವತ್ತು ಸಿಗದಿದ್ರೆ ಸತ್ತೋಗ್ತವೆ.”

“ಆ ಹುಳಾನಾ? ಜೀವಂತ?”

“ಹೂಂ.”

ಅವರು ಕನ್ನಡಕ ಹಾಕಿಕೊಂಡು ತೊಟ್ಟಿಯ ಮುಂದೆ ಕೂತರು. ಎಷ್ಟೋ ಹೊತ್ತಿನ ಮೇಲೆ, “ಅಯ್ಯೋ, ಇಷ್ಟು ಚಿಕ್ಕದಕ್ಕೂ ಕಣ್ಣಿದೆ ಕಣೆ!” ಎಂದರು.

ಎದ್ದು ಹಿತ್ತಿಲಿಗೆ ನಡೆದರು. ಕರಿಬೇವಿನ ಕುಂಡದಲ್ಲಿ ಗಂಜಿಯ ಮುದ್ದೆ ಹಾಗೇ ಕೂತಿತ್ತು. “ಮೋರಿಗೆ ಹಾಕಕ್ಕೆ ಮನಸ್ಸು ಬರ್ಲಿಲ್ಲ. ಎಲ್ಲೋ ಬದುಕ್ಕೊಳ್ಳಲಿ ಅಂತ ಇಲ್ಲಿ ಸುರಿದೆ.”

ನಾನು ಚಮಚ ತರಲು ಓಡಿದೆ. ಮರಳಿ ಬಂದಾಗ ಅವರು ಕುಂಡವನ್ನೇ ನೋಡುತ್ತ ನಿಂತಿದ್ದರು. ಬದುಕಲೆಂದು ಬಿಟ್ಟದ್ದನ್ನು ಈಗ ತಿನ್ನಲು ಎತ್ತಿ ಕೊಡಬೇಕು. ಬೇಡ ಎಂದಿದ್ದರೆ ನಾನು ಏನು ಮಾಡುತ್ತಿದ್ದೆನೋ. “ಆ ಚಮಚ ಮತ್ತೆ ಅಡುಗೆಮನೆಗೆ ತರಬೇಡ,” ಎಂದಷ್ಟೇ ಹೇಳಿ, ಬಗ್ಗಿ ಕುಂಡ ಹಿಡಿದುಕೊಂಡರು.

ಹುಳಗಳನ್ನು ನೀರಲ್ಲಿ ತೊಳೆದು ಡ್ರಾಪರಿನಿಂದ ಹನಿ ಹನಿಯಾಗಿ ಬಿಟ್ಟೆ. ಒಂದು ಮರಿ ಬಾಲ ಮಡಿಚಿ, ಗುರಿಯಿಟ್ಟು, ಚಿಮ್ಮಿತು. ಅದರ ಗಾಜಿನಂಥ ಹೊಟ್ಟೆ ಬೆಳ್ಳಗಾಯಿತು. ಅತ್ತೆ ಮುಖ ಆಚೆ ತಿರುಗಿಸಿಕೊಂಡೇ “ತಿಂದವಾ?” ಎಂದು ಕೇಳಿದರು. ಯಾರಿಗೆ ಹೇಳಿದರೂ ಕತೆಯನ್ನು ನಾನು ಇಲ್ಲಿಗೇ ಮುಗಿಸುತ್ತೇನೆ.

ಇವತ್ತು ಯಾಕೋ ಅವರನ್ನೇ ಕೇಳಿದೆ: “ಅವತ್ತು ಮುಖ ತಿರುಗಿಸಿಕೊಂಡಿದ್ರಲ್ಲ ಅತ್ತೆ, ಪಾಪ ಅನ್ನಿಸ್ತಾ?”

ಅವರು ನಕ್ಕರು. “ತಿರುಗಿಸಿಕೊಂಡಿದ್ದು ನೀನು ಕಣೆ! ನೀನು ಅಳ್ತಾ ಕೂತೆ, ಡ್ರಾಪರ್ ನಾನೇ ಈಸ್ಕೊಂಡು ಹಾಕಿದೆ. ಗೋಡೆ ನೋಡ್ಕೊಂಡು ‘ತಿಂದವಾ ಅತ್ತೆ, ತಿಂದವಾ’ ಅಂತಿದ್ದೆ. ಚಿಮ್ಮಿದ್ದು, ಹೊಟ್ಟೆ ಬೆಳ್ಳಗಾಗಿದ್ದು, ಎಲ್ಲಾ ನಾನು ನೋಡಿ ಹೇಳಿದ್ದು ನಿಂಗೆ.”

“ಮತ್ತೆ ಇಷ್ಟು ವರ್ಷ ಯಾಕೆ ಸುಮ್ನಿದ್ರಿ?”

“ನೀನು ಚೆನ್ನಾಗಿ ಹೇಳ್ತಿದ್ದೆ. ನಾನು ಕೇಳ್ಕೊಂಡಿದ್ದೆ.”

ಇರುವೆಗಾಗಿ ಗಂಜಿ ಆರಿಸುತ್ತಿದ್ದ ಕೈ ಅದು. ನನ್ನ ಕತೆಯಲ್ಲಿ ನಾನು ಅದಕ್ಕೆ ಕುಂಡ ಹಿಡಿಯುವ ಕೆಲಸ ಮಾತ್ರ ಕೊಟ್ಟಿದ್ದೆ.

ಅತ್ತೆ ಆಗಲೇ ತೊಟ್ಟಿಯ ಮೇಲೆ ಬಗ್ಗಿದ್ದರು. ನಾನು ಪಕ್ಕದಲ್ಲಿ ಕೂತು, ಅವರು ಹನಿ ಬಿಡುವಾಗ, ಈ ಸಲ ಕಣ್ಣು ತೆಗೆಯದೆ ನೋಡಿದೆ.