ನೀರು ಬಂದಾವ

ಗೆಳೆಯರೇ, ಇವತ್ತು ಮಧ್ಯಾಹ್ನ ನಮ್ಮ ಹಡಗು ಮುಳುಗಿತು. ಮುಳುಗಿಸಿದ್ದು ನಮ್ಮವ್ವ.

ಅದು ಕಡಲ್ಗಳ್ಳರ ಆನ್‌ಲೈನ್ ಆಟ. ರಾಯಚೂರಿನಲ್ಲಿ ಕೂತ ರಫೀಕ್ ಚುಕ್ಕಾಣಿ ಹಿಡಿದಿದ್ದ, ದೇವದುರ್ಗದ ಶಿವು ತೋಪು ಹಾರಿಸುತ್ತಿದ್ದ. ಮಾನ್ವಿಯಿಂದ ನನ್ನ ಕೆಲಸ, ತಳದ ತೂತು ಮುಚ್ಚಿ ನೀರು ಎತ್ತಿ ಹೊರಚೆಲ್ಲುವುದು. ಎದುರಿಗೆ ಅಸ್ಥಿಪಂಜರಗಳ ಹಡಗುಪಡೆ. ಮೂರು ವಾರದಿಂದ ಅದರ ಕೈಯಲ್ಲಿ ಸೋಲುತ್ತಿದ್ದೇವೆ. ಇವತ್ತು ಒಂದೇ ಹಡಗು ಉಳಿದಿತ್ತು.

ಅಷ್ಟರಲ್ಲಿ ಅದರ ಗುಂಡೊಂದು ನಮ್ಮ ತಳ ಸೀಳಿತು. ನೀರು ಸೊಂಟಕ್ಕೆ ಏರಿತು.

“ನೀರು ಬಂದಾವ ಲೇ, ಜೋರ್ ಬರಾಕತ್ತ್ಯಾವ,” ಎಂದು ಕೂಗಿದೆ.

“ಇನ್ನೊಂದ್ ಗುಂಡು ಸಾಕು, ತಡ್ಕೋ,” ಎಂದ ಶಿವು.

ನಮ್ಮ ಓಣಿಯ ನಳಕ್ಕೆ ನೀರು ಬಿಟ್ಟು ಐದು ದಿನವಾಗಿತ್ತು. ಹೆಡ್‌ಫೋನ್ ನನ್ನ ಕಿವಿಯಲ್ಲಿ. ಅಡುಗೆಮನೆಯಲ್ಲಿದ್ದ ಅವ್ವನಿಗೆ ಕೇಳಿದ್ದು ನನ್ನ ಕೂಗು ಮಾತ್ರ. ಓಡಿಹೋಗಿ ನಳದ ಮೋಟಾರು ಹಚ್ಚಿದಳು. “ನೀರು ಬಂದಾವ, ಬರ್ರಿ,” ಎಂದು ಪಕ್ಕದ ಮನೆಗೂ ಕೂಗಿದಳು. ಕೂಲರ್ ಜೊತೆ ಮೋಟಾರೂ ಸೇರಿ ಫ್ಯೂಸ್ ಹಾರಿತು. ನನ್ನ ಕಂಪ್ಯೂಟರಿನ ಪರದೆ ಕಪ್ಪಾಯಿತು.

“ಮುಳುಗಿದ್ವಿ. ನೀ ಎಲ್ಲಿ ಸತ್ತಿ ಲೇ?” ಎಂದು ಮೊಬೈಲಿಗೆ ರಫೀಕನ ಮೆಸೇಜು ಬಂತು.

ಹೊರಗೆ ಬಂದು ನೋಡಿದರೆ ಒಣ ನಳದ ಸುತ್ತ ಖಾಲಿ ಕೊಡಗಳು, ನನ್ನನ್ನೇ ನೋಡುತ್ತ ನಿಂತ ಓಣಿಯ ಹೆಂಗಸರು.

“ಎಲ್ಲಿ ಬಂದಾವೋ ನೀರು?” ಎಂದಳು ಅವ್ವ.

“ಹಡಗಿನ್ಯಾಗ, ಯವ್ವಾ.”

“ಅಷ್ಟ್ ನೀರಾಗ ಮುಳುಗಿ ಬಂದಿ. ಬರೋಮುಂದ ಒಂದ್ ಕೊಡ ತರಾಕ ಆಗ್ಲಿಲ್ಲೇನು?”

ಅದು ಉಪ್ಪುನೀರು ಎಂದು ಹೇಳುವ ಧೈರ್ಯ ನನಗಾಗಲಿಲ್ಲ.